ಬಾಯಿ ಕಟ್ಟಿದ್ದ 15 ವರ್ಷ, ಆಮೇಲೆ ಬಂದ ಚರಿತ್ರೆ

ಕೇಳುಗರೆಲ್ಲರಿಗೂ ನಮಸ್ಕಾರ.

ಸುಮಾರು 1,900 ವರ್ಷದ ಹಿಂದೆ ರೋಮ್ ನಗರದಲ್ಲಿ ಒಬ್ಬ ಮನುಷ್ಯ 15 ವರ್ಷ ಬಾಯಿ ಬಿಗಿಹಿಡಿದು ಬದುಕಿದ. ಹೊರಗಿನಿಂದ ನೋಡಿದವರಿಗೆ ಅವನಿಗೆ ಏನೂ ಕಡಿಮೆ ಇರಲಿಲ್ಲ. ಸೆನೆಟ್ ಸಭೆಯಲ್ಲಿ ಜಾಗ ಇತ್ತು, ಹುದ್ದೆ ಇತ್ತು, ಒಂದಾದ ಮೇಲೊಂದು ಬಡ್ತಿಯೂ ಸಿಕ್ಕಿತು. ಆದರೆ ಆಗ ಚಕ್ರವರ್ತಿಯಾಗಿದ್ದವನು ಡೊಮಿಷಿಯನ್. ಆ ಕಾಲದಲ್ಲಿ ಪುಸ್ತಕಗಳನ್ನು ಊರ ನಡುವೆ ಸುಟ್ಟರು. ಬರೆದವರನ್ನು ಕೊಂದರು. ಸೆನೆಟರುಗಳು ಸುಮ್ಮನೆ ಕೂತು ನೋಡಿದರು. ಹಾಗೆ ನೋಡುತ್ತ ಕೂತವರಲ್ಲಿ ನಾನು ಹೇಳುತ್ತಿರುವ ಈ ಮನುಷ್ಯ, ಮುಂದೆ ಇತಿಹಾಸಕಾರನಾದ ಟ್ಯಾಸಿಟಸ್ ಕೂಡ ಒಬ್ಬ.

ಕ್ರಿ.ಶ. 96ರಲ್ಲಿ ಡೊಮಿಷಿಯನ್ ಕೊಲೆಯಾದ. ಟ್ಯಾಸಿಟಸ್ ಬರೆಯಲು ಕೂತ. ತನ್ನ ಮಾವ ಅಗ್ರಿಕೋಲನ ಜೀವನಚರಿತ್ರೆಯಲ್ಲಿ ಅವನು ಹೇಳುವ ಒಂದು ಮಾತು ನನ್ನನ್ನು ಬಿಡದೆ ಕಾಡುತ್ತದೆ. ಮರೆಯುವುದೂ ಸುಮ್ಮನಿರುವಷ್ಟೇ ನಮ್ಮ ಕೈಯಲ್ಲಿದ್ದಿದ್ದರೆ, ಮಾತಿನ ಜೊತೆ ನೆನಪನ್ನೂ ಕಳೆದುಕೊಂಡುಬಿಡುತ್ತಿದ್ದೆವು ಅನ್ನುತ್ತಾನೆ. ಅದೇ ಪುಸ್ತಕದ ಕೊನೆಯ ಹೊತ್ತಿಗೆ, ಹೆಲ್ವಿಡಿಯಸ್ ಎಂಬ ಸೆನೆಟರನನ್ನು ಸೆರೆಮನೆಗೆ ಎಳೆದದ್ದು ನಮ್ಮದೇ ಕೈಗಳು ಎಂದು ಬರೆಯುತ್ತಾನೆ. "ಅವರ ಕೈ" ಅನ್ನಬಹುದಿತ್ತು, ಅಲ್ವಾ? ಅನ್ನಲಿಲ್ಲ. ತನ್ನನ್ನೂ ಸೇರಿಸಿಕೊಂಡ.

ಅವನ ದೊಡ್ಡ ಕೃತಿ 'ಆನಲ್ಸ್'. ಅಂದರೆ ವರ್ಷ ವರ್ಷದ ದಾಖಲೆ. ಸೀಸರನ ದತ್ತುಮಗ, ರೋಮಿನ ಮೊದಲ ಚಕ್ರವರ್ತಿ ಅಗಸ್ಟಸ್ ತೀರಿಕೊಂಡಲ್ಲಿಂದ ಶುರುವಾಗಿ ಚಕ್ರವರ್ತಿ ನೀರೋವರೆಗಿನ ಕಥೆ. ಅದರ ನಾಲ್ಕನೇ ಸಂಪುಟದಲ್ಲಿ ಒಂದು ವಿಚಾರಣೆ ಬರುತ್ತದೆ. ಕ್ರಿ.ಶ. 25. ಟೈಬೀರಿಯಸ್ ಚಕ್ರವರ್ತಿ. ಆರೋಪಿ ಕ್ರೆಮ್ಯೂಷಿಯಸ್ ಕಾರ್ಡಸ್, ಅವನೂ ಇತಿಹಾಸಕಾರ. ಮಾಡಿದ ತಪ್ಪೇನು? ತನ್ನ ಪುಸ್ತಕದಲ್ಲಿ ಬ್ರೂಟಸ್‌ನನ್ನು ಹೊಗಳಿದ್ದ. ಕ್ಯಾಸಿಯಸ್‌ನನ್ನು ನಿಜವಾದ ರೋಮನ್ನರಲ್ಲಿ ಕೊನೆಯವನು ಎಂದು ಕರೆದಿದ್ದ. ಅಷ್ಟೇ. ಸೀಸರನನ್ನು ಕೊಂದ ಆ ಇಬ್ಬರೂ ಸತ್ತು ಆಗಲೇ 60 ವರ್ಷ ದಾಟಿತ್ತು. ಕಾರ್ಡಸ್ ಎದ್ದುನಿಂತು ಕೇಳಿದ: ಇತಿಹಾಸಕಾರ ಲಿವಿ ತನ್ನ ಚರಿತ್ರೆಯಲ್ಲಿ ಸೀಸರನ ಎದುರಾಳಿ ಪಾಂಪೆಯನ್ನು ಎಷ್ಟು ಹೊಗಳಿದ! ಅಗಸ್ಟಸ್ ಅವನನ್ನು ಪಾಂಪೆಯ ಕಡೆಯವನು ಎಂದು ಕರೆದ, ಆದರೂ ಅವರ ಸ್ನೇಹ ಕೆಡಲಿಲ್ಲವಲ್ಲ? ಮಾತು ಮುಗಿಸಿ ಸಭೆಯಿಂದ ಹೊರಟ. ಮನೆಗೆ ಹೋಗಿ ಊಟ ಬಿಟ್ಟ. ಹಾಗೇ ಪ್ರಾಣ ಬಿಟ್ಟ. ಅವನ ಪುಸ್ತಕ ಸುಡಬೇಕೆಂದು ಸೆನೆಟ್ ಆಜ್ಞೆ ಮಾಡಿತು. ಅವನ ಮಗಳು ಮಾರ್ಸಿಯಾ ಅದನ್ನು ಉಳಿಸಿಕೊಂಡಳು. ಮುಂದೆ ಆ ಪುಸ್ತಕ ಮತ್ತೆ ಜನರ ಕೈಗೆ ಬಂತು.

ಇವತ್ತಿನ ಅಧಿಕಾರದಿಂದ ನಾಳೆಯ ನೆನಪನ್ನೂ ಅಳಿಸಿಬಿಡಬಹುದು ಅಂದುಕೊಳ್ಳುವವರ ದಡ್ಡತನಕ್ಕೆ ನಗು ಬರುತ್ತದೆ ಎಂದು ಟ್ಯಾಸಿಟಸ್ ಇಲ್ಲಿ ಬರೆಯುತ್ತಾನೆ. 15 ವರ್ಷ ಬಾಯಿ ಕಟ್ಟಿದ್ದವನ ಮಾತು ಇದು.

ಈ ಕಥೆ ನಮ್ಮವರೆಗೆ ಬಂದದ್ದೇ ಒಂದು ಪವಾಡ. ಆನಲ್ಸ್‌ನ ಮೊದಲ ಆರು ಸಂಪುಟಗಳಿಗೆ ಇರುವುದು ಒಂದೇ ಒಂದು ಹಳೆಯ ಕೈಬರಹದ ಪ್ರತಿ. 9ನೇ ಶತಮಾನದಲ್ಲಿ ಜರ್ಮನಿಯಲ್ಲಿ ಬರೆದದ್ದು. ಆರು ಎಂದೆನಲ್ಲ, ಅದರಲ್ಲೂ ಐದನೆಯದು ಬಹುಪಾಲು ಇಲ್ಲ. ಆ ಪ್ರತಿ ಕಾರ್ವೆ ಎಂಬ ಊರಿನ ಮಠದಲ್ಲಿತ್ತು. ಅಲ್ಲಿಂದ ಯಾರೋ ಕದ್ದು ರೋಮ್‌ಗೆ ತಂದರು. ಪೋಪ್ ಹತ್ತನೇ ಲಿಯೋ ಅದನ್ನು ಕೊಂಡುಕೊಂಡರು. 1515ರಲ್ಲಿ ಅಚ್ಚಾಯಿತು. ಮೂಲ ಪ್ರತಿಯ ಬದಲಿಗೆ ಮಠಕ್ಕೆ ಅಚ್ಚಾದ ಪುಸ್ತಕವೊಂದನ್ನು ಕಳಿಸಿದರು! ಕೊನೆಯ ಸಂಪುಟಗಳು ಉಳಿದದ್ದು ಇಟಲಿಯ ಮಾಂಟೆ ಕಸೀನೋ ಮಠದಲ್ಲಿ 11ನೇ ಶತಮಾನದಲ್ಲಿ ಬರೆದ ಇನ್ನೊಂದು ಪ್ರತಿಯಿಂದ. ನಡುವಿನ ನಾಲ್ಕು ಸಂಪುಟ ಹೋಗಿಯೇ ಹೋದವು. ಉಳಿದ ಎರಡೂ ಪ್ರತಿಗಳು ಈಗ ಫ್ಲಾರೆನ್ಸ್‌ನ ಗ್ರಂಥಾಲಯವೊಂದರಲ್ಲಿವೆ. ಮಾರ್ಸಿಯಾ ಬೆಂಕಿಯಿಂದ ಉಳಿಸಿದ ಅಪ್ಪನ ಪುಸ್ತಕ ಮಾತ್ರ ಇಲ್ಲ. ಚೂರುಪಾರು ಸಿಗುತ್ತದೆ, ಅಷ್ಟೇ.

ಸರಿ, ಇಷ್ಟೆಲ್ಲ ಕಷ್ಟಪಟ್ಟು ಉಳಿದ ಟ್ಯಾಸಿಟಸ್ ಬರೆದದ್ದೆಲ್ಲ ನಿಜವೇ? ಕೋಪವಿಲ್ಲದೆ, ಪಕ್ಷಪಾತವಿಲ್ಲದೆ ಬರೆಯುತ್ತೇನೆ ಎಂದು ಅವನೇನೋ ಮಾತು ಕೊಡುತ್ತಾನೆ. ಆದರೆ ಅವನ ಟೈಬೀರಿಯಸ್ ಒಳಗೊಂದು ಹೊರಗೊಂದು ಇರುವ ಕರಾಳ ಮನುಷ್ಯ. ಡೊಮಿಷಿಯನ್‌ನ ಭಯವನ್ನೇ ಹಿಂದಕ್ಕೆ ಒಯ್ದು ಟೈಬೀರಿಯಸ್ ಮೇಲೆ ಹೊದಿಸಿದ್ದಾನೆ ಎನ್ನುವ ವಿದ್ವಾಂಸರಿದ್ದಾರೆ. ನನಗೂ ಆ ಮಾತಿನಲ್ಲಿ ಸತ್ಯ ಕಾಣುತ್ತದೆ.

ಆದರೆ ಪರೀಕ್ಷೆ ಮಾಡುವುದಕ್ಕೆ ಒಂದು ಅಪರೂಪದ ಅವಕಾಶ ಸಿಕ್ಕಿತು. 1528ರಲ್ಲಿ ಫ್ರಾನ್ಸ್ ದೇಶದ ಲಿಯಾನ್‌ನಲ್ಲಿ, ಒಂದು ದ್ರಾಕ್ಷಿ ತೋಟದ ನೆಲದಡಿ ದೊಡ್ಡ ಕಂಚಿನ ಫಲಕ ಸಿಕ್ಕಿತು. ತೂಕ 200 ಕಿಲೋಗೂ ಜಾಸ್ತಿ. ಮೇಲ್ಭಾಗ ಹೋಗಿದೆ, ಉಳಿದ ಅಕ್ಷರಗಳು ಚೊಕ್ಕವಾಗಿವೆ. ಕ್ರಿ.ಶ. 48ರಲ್ಲಿ ಕ್ಲಾಡಿಯಸ್ ಚಕ್ರವರ್ತಿ ಸೆನೆಟ್‌ನಲ್ಲಿ ಮಾಡಿದ ಭಾಷಣ ಅದರಲ್ಲಿದೆ. ಗಾಲ್ ನಾಡಿನ, ಅಂದರೆ ಹೆಚ್ಚುಕಡಿಮೆ ಇಂದಿನ ಫ್ರಾನ್ಸಿನ, ಮುಖಂಡರನ್ನೂ ಸೆನೆಟ್‌ಗೆ ಸೇರಿಸಿಕೊಳ್ಳಬೇಕು ಎಂಬ ವಾದ. ಅದೇ ಭಾಷಣ ಆನಲ್ಸ್‌ನ ಹನ್ನೊಂದನೇ ಸಂಪುಟದಲ್ಲೂ ಇದೆ! ಎರಡನ್ನೂ ಅಕ್ಕಪಕ್ಕ ಇಟ್ಟು ಓದಬಹುದು. ಕಂಚಿನ ಕ್ಲಾಡಿಯಸ್ ಹಳೇ ರಾಜರ ಕಥೆಗೆ ಇಳಿದು ದಾರಿ ತಪ್ಪುತ್ತಾನೆ. ಒಂದು ಕಡೆ ತನ್ನ ಹೆಸರನ್ನೇ ಹಿಡಿದು ಕರೆದುಕೊಂಡು, ನಿನ್ನ ಮಾತು ಎತ್ತ ಹೊರಟಿದೆ ಎಂದು ಸಭೆಗೆ ತಿಳಿಸುವ ಹೊತ್ತಾಯಿತು ಅನ್ನುತ್ತಾನೆ. ಟ್ಯಾಸಿಟಸ್ ಅದನ್ನೆಲ್ಲ ಕತ್ತರಿಸಿ, ಬಿಗಿಮಾಡಿ, ತನ್ನ ಶೈಲಿಯಲ್ಲಿ ಕೊಡುತ್ತಾನೆ. ಮಾತುಗಳು ಬೇರೆ. ವಾದದ ತಿರುಳು ಅದೇ.

20ನೇ ಶತಮಾನದಲ್ಲಿ ಟ್ಯಾಸಿಟಸ್‌ನನ್ನು ಆಳವಾಗಿ ಓದಿದವರು ಇತಿಹಾಸಕಾರ ರೊನಾಲ್ಡ್ ಸೈಮ್. ನ್ಯೂಜಿಲೆಂಡ್‌ನಲ್ಲಿ ಹುಟ್ಟಿ ಆಕ್ಸ್‌ಫರ್ಡ್‌ನಲ್ಲಿ ಪಾಠ ಮಾಡಿದವರು. 1939ರಲ್ಲಿ, ಯುರೋಪಿನಲ್ಲಿ ಸರ್ವಾಧಿಕಾರಿಗಳು ಮೆರೆಯುತ್ತಿದ್ದಾಗ, ಅಗಸ್ಟಸ್ ಅಧಿಕಾರ ಹಿಡಿದ ಕಥೆಯನ್ನು ಯಾವ ಭಕ್ತಿಯೂ ಇಲ್ಲದೆ ಬರೆದರು. 1958ರಲ್ಲಿ ಟ್ಯಾಸಿಟಸ್ ಬಗ್ಗೆಯೇ ಎರಡು ದೊಡ್ಡ ಸಂಪುಟ ತಂದರು. ಅವನು ಸೆನೆಟ್‌ನ ಕಡತಗಳನ್ನು ಕೂತು ಓದಿದವನು ಎಂದು ಬಲವಾಗಿ ವಾದಿಸಿದರು. ಸೈಮ್ ಅವರ ವಾಕ್ಯಗಳೂ ಟ್ಯಾಸಿಟಸ್‌ನಂತೆಯೇ ಚಿಕ್ಕವು, ಚೂಪು.

ಇನ್ನೊಂದು ಪುಟ್ಟ ವಿಷಯ. ಕ್ರಿ.ಶ. 22ರಲ್ಲಿ ಟೈಬೀರಿಯಸ್ ಸೆನೆಟ್‌ಗೆ ಒಂದು ಪತ್ರ ಬರೆದ. ಹೆಂಗಸರ ಹರಳು, ರತ್ನಗಳಿಗಾಗಿ ನಮ್ಮ ಹಣವೆಲ್ಲ ಪರದೇಶಗಳ ಪಾಲಾಗುತ್ತಿದೆ ಎಂದು ಅದರಲ್ಲಿ ಗೊಣಗುತ್ತಾನೆ. ನಮ್ಮ ಚಿತ್ರದುರ್ಗದ ಪಕ್ಕ ಚಂದ್ರವಳ್ಳಿಯಲ್ಲಿ ಅಗೆದಾಗ ಅದೇ ಟೈಬೀರಿಯಸ್‌ನ ಬೆಳ್ಳಿ ನಾಣ್ಯ ಸಿಕ್ಕಿದೆ. ಅವನ ಗೊಣಗಾಟ ಇರುವುದು ಆನಲ್ಸ್‌ನ ಮೂರನೇ ಸಂಪುಟದಲ್ಲಿ. ಕಾರ್ವೆ ಮಠದಿಂದ ಕದ್ದು ತಂದ ಆ ಒಂದೇ ಪ್ರತಿಯಲ್ಲಿ.

ನಮಸ್ಕಾರ.