ಸ್ಟೇಟ್‌ಮೆಂಟಿನಲ್ಲಿ ಗುರುತು ಸಿಗದ ಬಾಬ್ತು

ಕೇಳುಗರಿಗೆ ನಮಸ್ಕಾರ. ಕ್ರೆಡಿಟ್ ಕಾರ್ಡಿನ ತಿಂಗಳ ಸ್ಟೇಟ್‌ಮೆಂಟಿನಲ್ಲಿ ಗುರುತೇ ಸಿಗದ ಬಾಬ್ತೊಂದು ಕಂಡಾಗ ಅದನ್ನು ಹೇಗೆ ಓದಿಕೊಳ್ಳಬೇಕು, ಅದರಲ್ಲಿ ತಪ್ಪಿದೆಯೆಂದು ಖಚಿತವಾದ ಮೇಲೆ ಬ್ಯಾಂಕಿನ ಮುಂದೆ ಹೇಗೆ ತಕರಾರು ಹೂಡಬೇಕು ಎಂಬುದು ಇಂದಿನ ಮಾತು. ತಕರಾರಿನ ಸೋಲು ಗೆಲುವು ಬಹುಮಟ್ಟಿಗೆ ನಾವು ಮೊದಲ ದಿನ ಬ್ಯಾಂಕಿಗೆ ಏನೆಂದು ಹೇಳುತ್ತೇವೆ ಎಂಬುದರ ಮೇಲೆ ನಿಂತಿರುತ್ತದೆ. ‘ಈ ವಹಿವಾಟು ನಾನು ಮಾಡಿದ್ದಲ್ಲ’ ಎನ್ನುವುದು ಒಂದು ಮಾತು. ‘ವಹಿವಾಟು ನನ್ನದೇ, ಆದರೆ ಹಣ ಹಿಡಿದುಕೊಂಡದ್ದು ಸರಿಯಲ್ಲ’ ಎನ್ನುವುದು ಪೂರ್ತಿ ಬೇರೆ ಮಾತು. ಎರಡಕ್ಕೂ ದಾರಿ ಬೇರೆ, ಬೇಕಾಗುವ ಪುರಾವೆ ಬೇರೆ. ಗಾಬರಿಯಲ್ಲಿ ಒಂದರ ಬದಲು ಇನ್ನೊಂದನ್ನು ಹೇಳಿಬಿಟ್ಟು ನ್ಯಾಯವಾದ ಹಣವನ್ನು ಕಳೆದುಕೊಂಡವರು ಬಹಳ ಮಂದಿ.

ಆದ್ದರಿಂದ ಮೊದಲು ಆ ಸಾಲನ್ನು ನಿಧಾನವಾಗಿ ಓದಬೇಕು. ಕಾರ್ಡ್ ವಹಿವಾಟಿನ ಸಂದೇಶಗಳು ಐಎಸ್‌ಒ 8583 ಎಂಬ ಮಾನದಂಡವನ್ನು ಅನುಸರಿಸುತ್ತವೆ. ಅದರಲ್ಲಿ ಅಂಗಡಿಯ ಹೆಸರು, ಊರು, ದೇಶ ಇಷ್ಟಕ್ಕೂ ಸೇರಿ ಮೀಸಲಾಗಿರುವುದು ಕೇವಲ 40 ಅಕ್ಷರಗಳ ಜಾಗ. ಹೆಸರು ಉದ್ದವಾಗಿದ್ದರೆ ಮಧ್ಯದಲ್ಲೇ ತುಂಡಾಗುತ್ತದೆ. ಅಂಗಡಿಯ ಫಲಕದ ಮೇಲಿರುವ ಹೆಸರಿನ ಬದಲು ಅದರ ಮಾಲೀಕ ಕಂಪನಿಯ ನೋಂದಾಯಿತ ಹೆಸರು ಬರುವುದೂ, ನಾವು ಖರೀದಿಸಿದ ಊರಿನ ಬದಲು ಅದರ ಪ್ರಧಾನ ಕಚೇರಿಯ ಊರು ಬರುವುದೂ ಸಾಮಾನ್ಯ. ಸಾಲಿನ ಮೊದಲಿಗೆ ಕೆಲವು ಅಕ್ಷರಗಳು, ಅದರ ಬೆನ್ನಿಗೆ ಒಂದು ನಕ್ಷತ್ರ ಚಿಹ್ನೆ, ಆಮೇಲೆ ಅರ್ಧಕ್ಕೆ ನಿಂತ ಇನ್ನೊಂದು ಹೆಸರು ಕಂಡರೆ, ನಕ್ಷತ್ರಕ್ಕೆ ಮೊದಲು ಇರುವುದು ಹಣ ಸಂಗ್ರಹಿಸಿಕೊಟ್ಟ ಪಾವತಿ ಸಂಸ್ಥೆ, ಆಮೇಲೆ ಬರುವುದು ನಿಜವಾದ ವ್ಯಾಪಾರಿ ಎಂದು ಸಾಮಾನ್ಯವಾಗಿ ತಿಳಿಯಬಹುದು. ಇಷ್ಟಾದರೂ ಗುರುತು ಹತ್ತದಿದ್ದರೆ, ಆ ವ್ಯಾಪಾರಿಗೆ ಕೊಟ್ಟಿರುವ ನಾಲ್ಕು ಅಂಕಿಗಳ ವರ್ಗ ಸಂಕೇತ ಯಾವುದೆಂದು ಬ್ಯಾಂಕನ್ನು ಕೇಳಿ. 5411 ಎಂದರೆ ದಿನಸಿ ಅಂಗಡಿ, 5812 ಎಂದರೆ ಉಪಾಹಾರ ಗೃಹ. ವ್ಯಾಪಾರ ಯಾವ ಬಗೆಯದೆಂದು ತಿಳಿದೊಡನೆ ಮರೆತಿದ್ದ ಖರೀದಿ ನೆನಪಿಗೆ ಬರುವುದುಂಟು.

ದಿನಾಂಕ ಮತ್ತು ಮೊತ್ತವೂ ನಮ್ಮನ್ನು ದಾರಿ ತಪ್ಪಿಸುತ್ತವೆ. ಕಾರ್ಡ್ ಬಳಸಿದ ದಿನ ಒಂದಾದರೆ, ಅದು ಲೆಕ್ಕಕ್ಕೆ ಏರುವ ದಿನ ಇನ್ನೊಂದು. ನಡುವೆ ಹಲವು ದಿನಗಳ ಅಂತರವಿರಬಹುದು. ಒಂದೇ ಬಾರಿ ತರಿಸಿದ ಸಾಮಾನು ಎರಡು ಮೂರು ಕಂತಿನಲ್ಲಿ ರವಾನೆಯಾದರೆ ಮೊತ್ತವೂ ಹಾಗೆಯೇ ತುಂಡು ತುಂಡಾಗಿ ಕಾಣಬಹುದು. ವಿದೇಶಿ ವ್ಯಾಪಾರಿಯಾದರೆ ವಿನಿಮಯ ದರ ಮತ್ತು ಅದರ ಮೇಲಿನ ಶುಲ್ಕ ಸೇರಿ ನಾವು ನೋಡಿದ್ದ ಬೆಲೆಗಿಂತ ಬೇರೆಯದೇ ಅಂಕಿ ಬರುತ್ತದೆ. ಹೋಟೆಲಿನವರು, ಬಾಡಿಗೆ ಕಾರಿನವರು, ಪೆಟ್ರೋಲ್ ಬಂಕಿನವರು ಮೊದಲಿಗೆ ಅಂದಾಜಿನ ಮೊತ್ತವೊಂದನ್ನು ಕಾರ್ಡಿನಲ್ಲಿ ತಡೆಹಿಡಿದು, ನಿಜವಾದ ಬಿಲ್ಲನ್ನು ಆಮೇಲೆ ಕಳುಹಿಸುವುದರಿಂದ, ಒಂದೇ ಖರ್ಚು ಎರಡು ಸಲ ಬಿದ್ದಂತೆ ಆ್ಯಪಿನಲ್ಲಿ ಕೆಲವು ದಿನ ತೋರುತ್ತದೆ. ‘ಪೆಂಡಿಂಗ್’ ಎಂದು ಬರೆದಿರುವ ಬಾಬ್ತು ಇನ್ನೂ ಖರ್ಚಾಗಿ ಪಕ್ಕಾ ಆಗಿರುವುದಿಲ್ಲ. ಅದರ ಮೇಲೆ ತಕರಾರು ಹೂಡಲು ಹೆಚ್ಚಿನ ಬ್ಯಾಂಕುಗಳು ಬಿಡುವುದೂ ಇಲ್ಲ. ಆದರೆ ಆ ಬಾಬ್ತು ನಿಮ್ಮದಲ್ಲವೇ ಅಲ್ಲ ಎಂದು ಗೊತ್ತಿದ್ದರೆ ಅದು ಪಕ್ಕಾ ಆಗಲಿ ಎಂದು ಕಾಯುತ್ತ ಕೂರಬಾರದು, ಅಂದೇ ಬ್ಯಾಂಕಿಗೆ ತಿಳಿಸಬೇಕು.

ಇನ್ನು ಕೆಲವು ಬಾಬ್ತುಗಳು ಬ್ಯಾಂಕಿನವೇ ಆಗಿರುತ್ತವೆ. ವಾರ್ಷಿಕ ಶುಲ್ಕ, ತಡವಾದ ಪಾವತಿಯ ದಂಡ ಇವು ಹೆಸರಿನಿಂದಲೇ ತಿಳಿಯುತ್ತವೆ. ಹೆಚ್ಚು ಜನರನ್ನು ಗೊಂದಲಕ್ಕೆ ಕೆಡಹುವುದು ಬಡ್ಡಿ. ಕಾರ್ಡಿನಿಂದ ನಗದು ತೆಗೆದರೆ ಸಾಮಾನ್ಯವಾಗಿ ಬಡ್ಡಿರಹಿತ ಅವಧಿ ಇರುವುದಿಲ್ಲ, ತೆಗೆದ ದಿನದಿಂದಲೇ ಬಡ್ಡಿ ಓಡುತ್ತದೆ. ಹಿಂದಿನ ತಿಂಗಳ ಬಾಕಿಯನ್ನು ಪೂರ್ತಿ ಕಟ್ಟದೆ ಉಳಿಸಿಕೊಂಡಿದ್ದವರು ಈ ತಿಂಗಳು ಎಲ್ಲವನ್ನೂ ಚುಕ್ತಾ ಮಾಡಿದರೂ, ಸ್ಟೇಟ್‌ಮೆಂಟ್ ತಯಾರಾದ ದಿನದಿಂದ ಹಣ ಕಟ್ಟಿದ ದಿನದವರೆಗಿನ ಬಡ್ಡಿ ಮುಂದಿನ ತಿಂಗಳು ಬಂದೇ ಬರುತ್ತದೆ. ಪೂರ್ತಿ ಕಟ್ಟಿದ ಮೇಲೂ ಬಡ್ಡಿ ಏಕೆ ಎಂದು ಸಿಟ್ಟಾಗುವವರ ಸಂಕಟ ನನಗೆ ಅರ್ಥವಾಗುತ್ತದೆ, ಏಕೆಂದರೆ ಸ್ಟೇಟ್‌ಮೆಂಟಿನಲ್ಲಿ ಇದನ್ನು ವಿವರಿಸುವ ಸಾಲು ಎಲ್ಲೋ ಕೊನೆಯ ಪುಟದಲ್ಲಿ ಸಣ್ಣ ಅಕ್ಷರದಲ್ಲಿರುತ್ತದೆ. ಕೇಳದೆಯೇ ಸೇರಿಕೊಂಡ ವಿಮೆಯ ಕಂತು ಅಥವಾ ಯಾವುದೋ ಸೇವೆಯ ಶುಲ್ಕವಾದರೆ ಮಾತ್ರ, ಯಾವ ದಿನ, ಯಾವ ರೀತಿಯಲ್ಲಿ ನಾವು ಒಪ್ಪಿಗೆ ಕೊಟ್ಟೆವೆಂದು ಬ್ಯಾಂಕು ದಾಖಲೆ ತೋರಿಸಬೇಕೆಂದು ಪಟ್ಟು ಹಿಡಿಯುವುದು ನ್ಯಾಯ.

ಗುರುತು ಸಿಗದ ಬಾಬ್ತುಗಳಲ್ಲಿ ದೊಡ್ಡ ಪಾಲು ಚಂದಾಗಳದ್ದು. ಉಚಿತವೆಂದು ಒಂದು ತಿಂಗಳ ಮಟ್ಟಿಗೆ ಸೇರಿಕೊಂಡ ಸೇವೆ ಅವಧಿ ಮುಗಿದೊಡನೆ ಹಣ ಕೇಳತೊಡಗುತ್ತದೆ. ವರ್ಷಕ್ಕೊಮ್ಮೆ ನವೀಕರಣವಾಗುವ ಚಂದಾ ನೆನಪಿನಿಂದಲೇ ಜಾರಿರುತ್ತದೆ. ಮನೆಯವರ ಹೆಸರಿನ ಹೆಚ್ಚುವರಿ ಕಾರ್ಡು, ಮಕ್ಕಳು ಆಡುವ ಆಟದೊಳಗಿನ ಖರೀದಿ, ಬಹಳ ಹಿಂದೆ ಯಾವುದೋ ಆ್ಯಪಿನಲ್ಲಿ ಉಳಿಸಿಟ್ಟ ಕಾರ್ಡ್ ವಿವರ, ಇವನ್ನೆಲ್ಲ ಮನೆಯಲ್ಲಿ ವಿಚಾರಿಸಿಯೇ ಮುಂದುವರಿಯಬೇಕು. ಕಾರ್ಡ್ ರದ್ದು ಮಾಡಿಸಿದರೆ ಚಂದಾ ತಾನಾಗಿ ನಿಲ್ಲುತ್ತದೆ ಎಂಬ ನಂಬಿಕೆ ತಪ್ಪು. ವೀಸಾ, ಮಾಸ್ಟರ್‌ಕಾರ್ಡ್ ಜಾಲಗಳಲ್ಲಿ ಹೊಸ ಕಾರ್ಡಿನ ವಿವರವನ್ನು ಹಳೆಯ ಚಂದಾದಾರಿಕೆಗಳಿಗೆ ತಾನಾಗಿಯೇ ಮುಟ್ಟಿಸುವ ವ್ಯವಸ್ಥೆ ಇದೆ. ಚಂದಾವನ್ನು ವ್ಯಾಪಾರಿಯ ಬಳಿಯೇ ರದ್ದು ಮಾಡಿ, ರದ್ದಾದುದಕ್ಕೆ ಬಂದ ಇಮೇಲನ್ನು ಜೋಪಾನವಾಗಿ ಇಟ್ಟುಕೊಳ್ಳಬೇಕು.

ಇಷ್ಟೆಲ್ಲ ನೋಡಿದ ಮೇಲೂ ವಹಿವಾಟು ನಮ್ಮದಲ್ಲವೆಂದಾದರೆ ಒಂದು ಗಳಿಗೆಯೂ ತಡಮಾಡಬಾರದು. ಮೊತ್ತ ತೀರ ಚಿಕ್ಕದಾಗಿದ್ದರೆ ಇನ್ನೂ ಹೆಚ್ಚು ಎಚ್ಚರ ಬೇಕು. ಕದ್ದ ಕಾರ್ಡ್ ಸಂಖ್ಯೆ ಚಾಲ್ತಿಯಲ್ಲಿದೆಯೇ ಎಂದು ಪರೀಕ್ಷಿಸಲು ವಂಚಕರು ಮೊದಲು ಅಲ್ಪ ಮೊತ್ತವನ್ನು ಎಳೆದು ನೋಡುತ್ತಾರೆ, ಅದನ್ನು ಯಾರೂ ಪ್ರಶ್ನಿಸದಿದ್ದರೆ ದೊಡ್ಡದಕ್ಕೆ ಕೈಹಾಕುತ್ತಾರೆ. ಆ್ಯಪಿನಲ್ಲಿ ಕಾರ್ಡನ್ನು ಬ್ಲಾಕ್ ಮಾಡಿ, ಕಾರ್ಡಿನ ಹಿಂಬದಿ ಅಚ್ಚಾಗಿರುವ ಸಂಖ್ಯೆಗೇ ಕರೆ ಮಾಡಿ. ಅಂತರ್ಜಾಲದಲ್ಲಿ ಹುಡುಕಿ ಸಿಕ್ಕ ಸಹಾಯವಾಣಿ ಸಂಖ್ಯೆ ವಂಚಕರೇ ಇಟ್ಟದ್ದಾಗಿರಬಹುದು. ಹಣ ವಾಪಸು ಜಮೆ ಮಾಡಲು ಒಟಿಪಿಯಾಗಲಿ ಪಿನ್ ಆಗಲಿ ಬೇಕಾಗಿಲ್ಲ. ಅದನ್ನು ಕೇಳಿದವರು ಯಾರೇ ಆಗಿರಲಿ, ಕರೆಯನ್ನು ಅಲ್ಲಿಗೇ ನಿಲ್ಲಿಸಿ.

ವಹಿವಾಟು ನಮ್ಮದೇ ಆಗಿದ್ದು ಸಾಮಾನು ಬಾರದಿದ್ದರೆ, ಒಡೆದು ಬಂದಿದ್ದರೆ, ಎರಡು ಸಲ ಹಣ ಹೋಗಿದ್ದರೆ, ರದ್ದಾದ ಚಂದಾಕ್ಕೆ ಮತ್ತೆ ಹಣ ಹಿಡಿದಿದ್ದರೆ ಮೊದಲು ವ್ಯಾಪಾರಿಗೇ ಬರೆಯಬೇಕು. ಫೋನಿನಲ್ಲಿ ಮಾತನಾಡಿದರೂ ಆಮೇಲೆ ಇಮೇಲ್ ಕಳುಹಿಸಿ, ಏಕೆಂದರೆ ನೀವು ವ್ಯಾಪಾರಿಯನ್ನು ಕೇಳಿದ್ದೀರಿ ಎಂಬುದಕ್ಕೇ ಬ್ಯಾಂಕು ಪುರಾವೆ ಕೇಳುತ್ತದೆ. ಅಲ್ಲಿ ಕೆಲಸವಾಗದಿದ್ದರೆ ಉಳಿದದ್ದು ಚಾರ್ಜ್‌ಬ್ಯಾಕ್. ನಮ್ಮ ಬ್ಯಾಂಕು ಕಾರ್ಡ್ ಜಾಲದ ಮೂಲಕ ವ್ಯಾಪಾರಿಯ ಬ್ಯಾಂಕಿನಿಂದ ಹಣವನ್ನು ಹಿಂದಕ್ಕೆ ಕೇಳುತ್ತದೆ, ಆ ಬ್ಯಾಂಕು ವ್ಯಾಪಾರಿಯ ಉತ್ತರವನ್ನು ಕೇಳುತ್ತದೆ. ಹೀಗೆ ಕೇಳುವಾಗ ಕಾರಣವನ್ನು ಸಂಕೇತದಲ್ಲಿ ನಮೂದಿಸಲೇಬೇಕು. ವೀಸಾ ಜಾಲದಲ್ಲಿ 10ರಿಂದ ಆರಂಭವಾಗುವ ಸಂಕೇತಗಳು ವಂಚನೆಗೆ, 12ರವು ಲೆಕ್ಕದ ತಪ್ಪುಗಳಿಗೆ, 13ರವು ಸಾಮಾನು ಮತ್ತು ಸೇವೆಯ ತಕರಾರಿಗೆ ಮೀಸಲು. ನಾನು ಆರಂಭದಲ್ಲಿ ಹೇಳಿದ ಮಾತಿನ ತೂಕ ಇಲ್ಲಿ ಗೊತ್ತಾಗುತ್ತದೆ. ಸಾಮಾನು ಬಂದಿಲ್ಲವೆಂಬ ಸಿಟ್ಟಿಗೆ ‘ಇದು ವಂಚನೆ, ನಾನು ಮಾಡಿಯೇ ಇಲ್ಲ’ ಎಂದು ಬರೆದುಕೊಟ್ಟರೆ, ಖರೀದಿ ಮಾಡಿದವರು ನೀವೇ ಎಂದು ತೋರಿಸಿದರೆ ವ್ಯಾಪಾರಿಗೆ ಸಾಕು. ಸಾಮಾನು ಬಂತೋ ಇಲ್ಲವೋ ಎಂಬ ಪ್ರಶ್ನೆಯೇ ಏಳುವುದಿಲ್ಲ. ವೀಸಾ 2023ರಲ್ಲಿ ಜಾರಿಗೆ ತಂದ ನಿಯಮದಂತೆ, ಅದೇ ಕಾರ್ಡಿನಿಂದ ಹಿಂದೆ ತಕರಾರಿಲ್ಲದೆ ನಡೆದ ಎರಡು ಖರೀದಿಗಳಲ್ಲಿ ಬಳಸಿದ ಸಾಧನ, ವಿಳಾಸ ಮುಂತಾದ ಗುರುತುಗಳು ಈ ಖರೀದಿಯದಕ್ಕೆ ತಾಳೆಯಾಗುತ್ತವೆಂದು ವ್ಯಾಪಾರಿ ತೋರಿಸಿದರೆ ವಂಚನೆಯ ವಾದ ನಿಲ್ಲುವುದು ಕಷ್ಟ.

ತಕರಾರಿನ ಪತ್ರ ಚಿಕ್ಕದಾಗಿರಲಿ. ಮಾದರಿಗೆ ಇಷ್ಟು ಸಾಕು: ‘ಕೊನೆಯ ನಾಲ್ಕು ಅಂಕಿ ಇಂಥದ್ದಾಗಿರುವ ನನ್ನ ಕಾರ್ಡಿನಲ್ಲಿ ಇಂಥ ದಿನಾಂಕದಂದು ಇಂಥ ಹೆಸರಿನಲ್ಲಿ ಇಷ್ಟು ಮೊತ್ತದ ಬಾಬ್ತು ನಮೂದಾಗಿದೆ. ಈ ಚಂದಾವನ್ನು ಇಂಥ ದಿನವೇ ರದ್ದು ಮಾಡಿದ್ದೇನೆ. ರದ್ದತಿಯ ಇಮೇಲನ್ನೂ, ವ್ಯಾಪಾರಿಗೆ ಬರೆದ ಪತ್ರವನ್ನೂ, ಅವರ ಉತ್ತರವನ್ನೂ ಲಗತ್ತಿಸಿದ್ದೇನೆ. ರದ್ದತಿಯ ನಂತರ ಹಿಡಿದ ಹಣವನ್ನು ಹಿಂದಿರುಗಿಸಿ, ದೂರಿನ ಸಂಖ್ಯೆಯನ್ನು ತಿಳಿಸಬೇಕಾಗಿ ಕೋರುತ್ತೇನೆ.’ ಇದರಲ್ಲಿ ಸಿಟ್ಟಿನ ಮಾತಿಲ್ಲ, ಊಹೆಯಿಲ್ಲ. ಅದನ್ನು ಓದುವ ಬ್ಯಾಂಕಿನ ನೌಕರರು ಯಾವ ಸಂಕೇತ ಹಾಕಬೇಕೆಂದು ಯೋಚಿಸುವ ಅಗತ್ಯವೂ ಇಲ್ಲ. ವ್ಯಾಪಾರಿ ‘ಹಣ ವಾಪಸು ಕಳುಹಿಸಿದ್ದೇವೆ’ ಎಂದು ಹೇಳಿಯೂ ಅದು ಕಾಣದಿದ್ದರೆ, ಆ ಮರುಪಾವತಿಯ 23 ಅಂಕಿಗಳ ಎಆರ್‌ಎನ್, ಅಂದರೆ ವಹಿವಾಟಿನ ಗುರುತಿನ ಸಂಖ್ಯೆಯನ್ನು ಕೇಳಿ ಪಡೆಯಿರಿ. ಅದನ್ನು ಹಿಡಿದು ಬ್ಯಾಂಕು ಹಣ ಎಲ್ಲಿದೆಯೆಂದು ಹುಡುಕಬಲ್ಲದು.

ಗಡುವುಗಳು ದೇಶದಿಂದ ದೇಶಕ್ಕೆ ಬೇರೆ. ಅಮೆರಿಕದ 1974ರ ಕಾನೂನಿನಂತೆ, ತಪ್ಪು ಕಾಣಿಸಿಕೊಂಡ ಮೊದಲ ಸ್ಟೇಟ್‌ಮೆಂಟ್ ಕಳುಹಿಸಿದ 60 ದಿನಗಳೊಳಗೆ ಲಿಖಿತ ದೂರು ತಲುಪಬೇಕು. ಭಾರತೀಯ ರಿಸರ್ವ್ ಬ್ಯಾಂಕಿನ 2017ರ ಸುತ್ತೋಲೆಯು, ತಪ್ಪು ಬ್ಯಾಂಕಿನದೂ ಗ್ರಾಹಕರದೂ ಆಗಿರದೆ ವ್ಯವಸ್ಥೆಯಲ್ಲಿ ಬೇರೆಲ್ಲೋ ಆಗಿದ್ದಲ್ಲಿ, ಬ್ಯಾಂಕಿನಿಂದ ಸೂಚನೆ ಬಂದ ಮೂರು ಕೆಲಸದ ದಿನಗಳೊಳಗೆ ದೂರು ಕೊಟ್ಟವರ ಮೇಲೆ ಯಾವ ಹೊಣೆಯನ್ನೂ ಹೊರಿಸಲಿಲ್ಲ. ತಡವಾದಷ್ಟೂ ಹೊಣೆ ಹೆಚ್ಚುವಂತೆ ಮಾಡಿತು. ನಿಮ್ಮ ಕಾರ್ಡಿಗೆ ಈಗ ಅನ್ವಯಿಸುವ ಗಡುವು ಯಾವುದೆಂದು ಕಾರ್ಡಿನ ಷರತ್ತುಗಳಲ್ಲಿ ಇಂದೇ ನೋಡಿಟ್ಟುಕೊಳ್ಳಿ.

ತಕರಾರು ನಡೆಯುತ್ತಿರುವಾಗ ಇಡೀ ಬಿಲ್ಲನ್ನು ಕಟ್ಟದೆ ಬಿಡುವುದು ಸರಿಯಲ್ಲ. ತಕರಾರಿಲ್ಲದ ಮೊತ್ತವನ್ನು ಗಡುವಿನೊಳಗೆ ಕಟ್ಟಲೇಬೇಕು. ತಕರಾರಿನ ಮೊತ್ತವನ್ನು ತಡೆಹಿಡಿಯಬಹುದೇ, ಹಿಡಿದರೆ ಬಡ್ಡಿ ಬೀಳುತ್ತದೆಯೇ ಎಂಬುದಕ್ಕೆ ಬ್ಯಾಂಕಿನಿಂದ ಬರವಣಿಗೆಯಲ್ಲೇ ಉತ್ತರ ಪಡೆಯಿರಿ. ಬ್ಯಾಂಕು ನಡುವೆ ಜಮೆ ಮಾಡುವ ಹಣ ತಾತ್ಕಾಲಿಕವಾಗಿರಬಹುದು. ವ್ಯಾಪಾರಿಯ ಪುರಾವೆ ಬಲವಾಗಿದ್ದರೆ ಅದನ್ನು ಹಿಂದಕ್ಕೆ ಪಡೆಯುತ್ತಾರೆ, ಆದ್ದರಿಂದ ಜಮೆಯಾದೊಡನೆ ಪುರಾವೆಗಳನ್ನು ಅಳಿಸಿಬಿಡಬೇಡಿ. ತಕರಾರು ತಿರಸ್ಕೃತವಾದರೆ ಯಾವ ಪುರಾವೆಯ ಮೇಲೆ ತಿರಸ್ಕರಿಸಿದರೆಂದು ಕೇಳಿ, ವ್ಯಾಪಾರಿ ಕೊಟ್ಟ ದಾಖಲೆಯ ಪ್ರತಿ ತರಿಸಿಕೊಂಡು, ಅದರಲ್ಲಿರುವ ದಿನಾಂಕ, ವಿಳಾಸ, ಸಹಿ ಇವುಗಳಲ್ಲಿ ಯಾವುದು ತಪ್ಪಾಗಿದೆಯೆಂದು ಒಂದೊಂದಾಗಿ ತೋರಿಸಿ ಮರುಪರಿಶೀಲನೆ ಕೋರಬಹುದು. ಅದಕ್ಕೂ ಒಪ್ಪದಿದ್ದರೆ ಅದೇ ದೂರಿನ ಸಂಖ್ಯೆ, ಅದೇ ಕಾಗದಪತ್ರಗಳೊಂದಿಗೆ ಬ್ಯಾಂಕಿನ ಮೇಲಧಿಕಾರಿಗಳಿಗೆ, ಆಮೇಲೆ ನಿಮ್ಮಲ್ಲಿರುವ ಬ್ಯಾಂಕಿಂಗ್ ಓಂಬುಡ್ಸ್‌ಮನ್ ಅಥವಾ ಗ್ರಾಹಕ ವೇದಿಕೆಗೆ ದೂರನ್ನು ಒಯ್ಯಬಹುದು.