ಬೆಳ್ಳಿಯ ಬಿರುದುಗಳು: ಮೆಕ್ಸಿಕೋದ ಕುಲೀನರು ಮತ್ತು ಸ್ವಾತಂತ್ರ್ಯ

ಶ್ರೋತೃಗಳಿಗೆ ನಮಸ್ಕಾರ.

1821ರ ಸೆಪ್ಟೆಂಬರ್ 28ರಂದು ಮೆಕ್ಸಿಕೋ ನಗರದಲ್ಲಿ ಒಂದು ಘೋಷಣಾಪತ್ರಕ್ಕೆ ಸಹಿ ಬಿತ್ತು. ಮುನ್ನೂರು ವರ್ಷ ಸ್ಪೇನಿನ ಅಧೀನದಲ್ಲಿದ್ದ ನಾಡು ಇನ್ನು ಮುಂದೆ ಸ್ವತಂತ್ರ ಸಾಮ್ರಾಜ್ಯ ಎಂದು ಸಾರಿದ ಆ ಪತ್ರದ ಕೆಳಗೆ ಸಾಲ್ವಾತಿಯೆರ್ರದ ಮಾರ್ಕ್ವಿಸ್, ಸಾನ್ ಹುವಾನ್ ದೆ ರಾಯಾಸ್‌ನ ಮಾರ್ಕ್ವಿಸ್, ಹಾಲಾ ಮತ್ತು ರೆಗ್ಲಾದ ಕೌಂಟ್ ಮುಂತಾದವರ ಸಹಿಗಳಿವೆ. ಸ್ಪೇನಿನ ದೊರೆ ದಯಪಾಲಿಸಿದ ಬಿರುದುಗಳಲ್ಲಿಯೇ ಅವರು ಆ ದೊರೆಯ ಆಳ್ವಿಕೆಯನ್ನು ಕೊನೆಗೊಳಿಸಿದರು. ದಕ್ಷಿಣದ ಬೆಟ್ಟಗಳಲ್ಲಿ ವರ್ಷಗಟ್ಟಲೆ ಹೋರಾಡಿದ ಬಂಡಾಯದ ನಾಯಕ ವಿಸೆಂತೆ ಗೆರೆರೊನ ಹೆಸರು ಮಾತ್ರ ಅಲ್ಲಿ ಕಾಣುವುದಿಲ್ಲ. ಆ ಸ್ವಾತಂತ್ರ್ಯವನ್ನು ಯಾರು ತಮ್ಮದಾಗಿಸಿಕೊಂಡರು ಎಂಬುದನ್ನು ಅರಿಯಲು ಈ ಸಹಿಗಳ ಹಿಂದಿನ ಮನೆತನಗಳನ್ನು ನೋಡಬೇಕಾಗುತ್ತದೆ.

ಹದಿನೆಂಟನೆಯ ಶತಮಾನದ ಕೊನೆಯ ಹೊತ್ತಿಗೆ ಅಲ್ಲಿ ಬಿರುದು ಪಡೆದ ಮನೆತನಗಳು ಸುಮಾರು 50 ಮಾತ್ರ. ಕೆಲವು ಸ್ಪೇನಿನವರು ಈ ನಾಡನ್ನು ಗೆದ್ದ ದಂಡಯಾತ್ರೆಯ ಕಾಲದಷ್ಟು ಹಳೆಯವು. ಹೆಚ್ಚಿನವು ಬೆಳ್ಳಿಯಿಂದ ಮೇಲೆ ಬಂದವು. ಸ್ಪೇನಿನ ಕೊರ್ತೆಗಾನಾ ಎಂಬ ಊರಿನಲ್ಲಿ ಹುಟ್ಟಿದ ಪೆದ್ರೊ ರೊಮೆರೊ ದೆ ತೆರೆರೋಸ್ ರಿಯಾಲ್ ದೆಲ್ ಮೊಂತೆಯ ಗಣಿಗಳಿಂದ ಅಪಾರ ಸಂಪತ್ತು ಗಳಿಸಿ, ಹಳೆಯ ಕುಲೀನ ಮನೆತನವಾದ ಮಿರಾವಾಯೆ ಕೌಂಟೆಸ್‌ಳ ಮಗಳನ್ನು ಮದುವೆಯಾಗಿ, 1768ರಲ್ಲಿ ರೆಗ್ಲಾದ ಕೌಂಟ್ ಎನಿಸಿಕೊಂಡ. ಅರಸನಿಗೆ ಯುದ್ಧನೌಕೆಯನ್ನೇ ಕಾಣಿಕೆಯಾಗಿ ಕೊಟ್ಟವನು ಅವನು. 1775ರಲ್ಲಿ ಬಡವರಿಗೆ ಒತ್ತೆಯ ಮೇಲೆ ಸಾಲ ಕೊಡಲು ಅವನು ತೆರೆದ ಮೊಂತೆ ದೆ ಪಿಯೆದಾದ್ ಸಂಸ್ಥೆ ಇಂದಿಗೂ ನಡೆಯುತ್ತಿದೆ. ಆದರೆ ಅದೇ ಗಣಿಗಳಲ್ಲಿ 1766ರಲ್ಲಿ ಕಾರ್ಮಿಕರು ದೊಡ್ಡ ಮುಷ್ಕರ ಹೂಡಿದ್ದನ್ನೂ ಮರೆಯಲಾಗದು. ಅಗೆದ ಅದಿರಿನಲ್ಲಿ ತಮಗೆ ರೂಢಿಯಿಂದ ಸಲ್ಲುತ್ತಿದ್ದ ಪಾಲನ್ನು ಒಡೆಯ ಮೊಟಕುಗೊಳಿಸಲು ಹೊರಟಿದ್ದೇ ಅದಕ್ಕೆ ಕಾರಣ.

ಹೀಗೆ ಗಳಿಸಿದ ಸಂಪತ್ತನ್ನು ಹಿಡಿದಿಟ್ಟ ವ್ಯವಸ್ಥೆಗೆ ಮಾಯೊರಾಸ್ಗೊ ಎಂದು ಹೆಸರು. ಅದರಂತೆ ಜಮೀನು, ಗಣಿ, ಮಹಲು ಎಲ್ಲವೂ ಒಡೆಯದೆ ಒಬ್ಬ ವಾರಸುದಾರನಿಗೆ, ಸಾಮಾನ್ಯವಾಗಿ ಹಿರಿಯ ಮಗನಿಗೆ, ಸಲ್ಲುತ್ತಿದ್ದವು. ಅವನಿಗೆ ಅನುಭವಿಸುವ ಹಕ್ಕಿತ್ತೇ ಹೊರತು ಮಾರುವ ಹಕ್ಕಿರಲಿಲ್ಲ. ಮನೆತನವನ್ನು ಕಾಯ್ದ ಈ ಕಟ್ಟುಪಾಡೇ ಅದನ್ನು ಸಾಲಕ್ಕೂ ನೂಕಿತು. ಮಾರಲಾಗದ ಆಸ್ತಿಯ ಒಡೆಯರು ಮಠ ಮತ್ತು ಚರ್ಚುಗಳ ಧರ್ಮನಿಧಿಗಳಿಂದ ಶೇಕಡಾ 5ರ ಬಡ್ಡಿಗೆ ಹಣ ಪಡೆದು, ಅಸಲನ್ನು ತೀರಿಸದೆ ತಲೆಮಾರುಗಳವರೆಗೆ ಬಡ್ಡಿಯನ್ನಷ್ಟೇ ಕಟ್ಟುತ್ತಿದ್ದರು. 1804ರ ಡಿಸೆಂಬರ್‌ನಲ್ಲಿ, ಯುರೋಪಿನ ಯುದ್ಧಗಳಿಂದ ಬೊಕ್ಕಸ ಬರಿದಾಗಿದ್ದ ಸ್ಪೇನಿನ ಸರ್ಕಾರ ಆ ನಿಧಿಗಳನ್ನೆಲ್ಲ ವಸೂಲಿ ಮಾಡಿ ತನಗೆ ಒಪ್ಪಿಸಬೇಕೆಂದು ಆಜ್ಞೆ ಹೊರಡಿಸಿದಾಗ, ಹೊರಗೆ ವೈಭವದಿಂದ ಕಾಣುತ್ತಿದ್ದ ಎಷ್ಟೋ ಮನೆಗಳ ಒಳಗಿನ ಟೊಳ್ಳು ಬಯಲಾಯಿತು. ರಾಜನಿಷ್ಠೆಯಲ್ಲಿ ಮೊದಲ ಬಿರುಕು ಬಿದ್ದದ್ದು ಇಲ್ಲಿಯೇ ಎಂಬುದು ನನ್ನ ನಂಬಿಕೆ.

ಹಾಗಿದ್ದೂ 1810ರ ಸೆಪ್ಟೆಂಬರ್‌ನಲ್ಲಿ ದೊಲೋರೆಸ್ ಎಂಬ ಊರಿನ ಪಾದ್ರಿ ಮಿಗೆಲ್ ಹಿಡಾಲ್ಗೊ ದಂಗೆಯೆದ್ದಾಗ ಕುಲೀನರಲ್ಲಿ ಹೆಚ್ಚಿನವರು ಅವನ ಜೊತೆಗೆ ನಿಲ್ಲಲಿಲ್ಲ. ಆ ತಿಂಗಳ 28ರಂದು ಗ್ವಾನಹ್ವಾತೊ ನಗರದ ಧಾನ್ಯದ ಉಗ್ರಾಣಕ್ಕೆ ಬಂಡಾಯಗಾರರು ಬೆಂಕಿಯಿಟ್ಟು ನುಗ್ಗಿ, ಒಳಗೆ ಆಶ್ರಯ ಪಡೆದಿದ್ದ ಸ್ಪೇನಿನವರನ್ನೂ ಸಿರಿವಂತರನ್ನೂ ಕೊಂದ ಸುದ್ದಿ ಅವರನ್ನು ನಡುಗಿಸಿತು. ಗುಟ್ಟಾಗಿ ನೆರವಾದವರು ಕೆಲವರಿದ್ದರು. ರಾಯಾಸ್‌ನ ಮಾರ್ಕ್ವಿಸ್ ಅದಕ್ಕಾಗಿ ಸೆರೆಯನ್ನೂ ಕಂಡ. ಉಳಿದವರು ವೈಸರಾಯನಿಗೆ ಹಣ ಒದಗಿಸುತ್ತ ಯುದ್ಧದ ವರ್ಷಗಳನ್ನು ಕಳೆದರು. ಅಷ್ಟರಲ್ಲಿ ನೀರೆತ್ತುವವರಿಲ್ಲದೆ ಗಣಿಗಳು ಮುಳುಗಿದವು, ಹಸಿಯೆಂದಾ ಎಂಬ ದೊಡ್ಡ ಎಸ್ಟೇಟುಗಳ ದನಕರು ಮತ್ತು ಫಸಲು ಎರಡೂ ಕಡೆಯ ಸೈನ್ಯಗಳ ಪಾಲಾದವು.

1820ರಲ್ಲಿ ಸ್ಪೇನಿನಲ್ಲಿ ಉದಾರವಾದಿಗಳು ಅಧಿಕಾರಕ್ಕೆ ಮರಳಿ, ಚರ್ಚಿನ ಮತ್ತು ಸೈನ್ಯದ ವಿಶೇಷ ಹಕ್ಕುಗಳಿಗೆ ಕೈಹಾಕಿದರು. ಆಗ ಮೆಕ್ಸಿಕೋದ ಮೇಲುವರ್ಗಕ್ಕೆ ಹಳೆಯ ವ್ಯವಸ್ಥೆಯನ್ನು ಉಳಿಸಿಕೊಳ್ಳಲು ಸ್ಪೇನಿನಿಂದ ಬೇರ್ಪಡುವುದೇ ದಾರಿಯಾಗಿ ತೋರಿತು. ಬಂಡಾಯಗಾರರ ವಿರುದ್ಧ ಕ್ರೂರವಾಗಿ ಕಾದಾಡಿದ್ದ ಅಧಿಕಾರಿ ಆಗುಸ್ತೀನ್ ದೆ ಇತುರ್ಬಿದೆ 1821ರ ಫೆಬ್ರವರಿ 24ರಂದು ಇಗ್ವಾಲಾದಲ್ಲಿ ಪ್ರಕಟಿಸಿದ ಯೋಜನೆ ಧರ್ಮ, ಸ್ವಾತಂತ್ರ್ಯ ಮತ್ತು ಐಕ್ಯ ಎಂಬ ಮೂರು ಭರವಸೆಗಳನ್ನು ಕೊಟ್ಟು, ಸಿಂಹಾಸನಕ್ಕೆ ಸ್ಪೇನಿನ ರಾಜವಂಶದವರನ್ನೇ ಕರೆಯಿತು. ಗೆರೆರೊ ಕೂಡ ಒಪ್ಪಿ ಕೈಜೋಡಿಸಿದ, ಏಕೆಂದರೆ ಯುರೋಪಿನವರು, ಆಫ್ರಿಕಾದವರು, ಮೂಲನಿವಾಸಿಗಳು ಎಂಬ ಭೇದವಿಲ್ಲದೆ ಎಲ್ಲರೂ ನಾಗರಿಕರು ಎಂಬ ಮಾತೂ ಅದರಲ್ಲಿತ್ತು. ನನ್ನ ದೃಷ್ಟಿಯಲ್ಲಿ ಆ ಯೋಜನೆಯ ಅತ್ಯಂತ ಬೆಲೆಯುಳ್ಳ ಮಾತು ಅದೇ, ಮತ್ತು ಅತ್ಯಂತ ನಿಧಾನವಾಗಿ ಜಾರಿಗೆ ಬಂದದ್ದೂ ಅದೇ.

ಸ್ಪೇನ್ ಈ ಏರ್ಪಾಟನ್ನು ತಿರಸ್ಕರಿಸಿತು. 1822ರ ಮೇ 18ರ ರಾತ್ರಿ ಸೈನಿಕರೂ ಜನರೂ, ಹಾರಾಲ್ ದೆ ಬೆರ್ರಿಯೊ ಮಾರ್ಕ್ವಿಸ್ ಮನೆತನ ಕಟ್ಟಿಸಿದ ಮಹಲಿನಲ್ಲಿ ವಾಸವಾಗಿದ್ದ ಇತುರ್ಬಿದೆಯನ್ನು ಸಾಮ್ರಾಟನೆಂದು ಕೂಗಿದರು. ಜುಲೈ 21ರಂದು ಪಟ್ಟಾಭಿಷೇಕವೂ ಆಯಿತು. ಹಳೆಯ ಕುಲೀನರು ಆಸ್ಥಾನದ ಪದವಿಗಳನ್ನು ಸ್ವೀಕರಿಸಿದರು. ಎಂಟೇ ತಿಂಗಳಲ್ಲಿ, 1823ರ ಮಾರ್ಚ್‌ನಲ್ಲಿ, ಅವನು ಪಟ್ಟ ತ್ಯಜಿಸಿದ.

ಬಿರುದುಗಳನ್ನು ರದ್ದುಪಡಿಸಿದ 1826ರ ಮೇ 2ರ ಕಾನೂನನ್ನೇ ಈ ವರ್ಗದ ಅಂತ್ಯವೆಂದು ಹೇಳುವ ರೂಢಿಯಿದೆ. ಮನೆಗಳ ಮೇಲಿನ ವಂಶಲಾಂಛನಗಳನ್ನು ಕೂಡ ತೆಗೆಸಿದ ಕಾನೂನು ಅದು. ಆದರೆ ನಿಜವಾದ ತಿರುವು ಮೂರು ವರ್ಷ ಮೊದಲೇ, 1823ರ ಆಗಸ್ಟ್ 7ರಂದು, ಮಾಯೊರಾಸ್ಗೊ ಪದ್ಧತಿ ರದ್ದಾದಾಗಲೇ ಬಂದಿತ್ತು. ಅಂದಿನ ಒಡೆಯ ಆಸ್ತಿಯ ಅರ್ಧವನ್ನು ಮಾರಬಹುದಾಯಿತು, ಉಳಿದ ಅರ್ಧ ಮುಂದಿನ ವಾರಸುದಾರನಿಗೆ ಯಾವ ಕಟ್ಟೂ ಇಲ್ಲದೆ ಸಲ್ಲುವಂತಾಯಿತು. ಸಾಲದಲ್ಲಿ ಮುಳುಗಿದ್ದ ಮನೆಗಳಿಗೆ ಇದು ಶಿಕ್ಷೆಯಾಗಿರದೆ ಬಿಡುಗಡೆಯಾಗಿತ್ತು. ಆದರೆ ಹಾಗೆ ಬಿಡುಗಡೆಯಾದ ಜಮೀನು ಬೇಸಾಯಗಾರರ ಕೈಗೆ ಬರಲಿಲ್ಲ. ಉತ್ತರದಲ್ಲಿ ಸಾನ್ ಮಿಗೆಲ್ ದೆ ಆಗ್ವಾಯೊ ಮಾರ್ಕ್ವಿಸ್‌ರ ವಿಶಾಲ ಭೂಮಿ 1840ರಲ್ಲಿ ಸಾಂಚೆಸ್ ನವಾರೊ ಎಂಬ ಮತ್ತೊಂದು ಭೂಮಾಲಿಕ ಮನೆತನದ ವಶವಾಯಿತು. ಮೂರನೆಯ ರೆಗ್ಲಾ ಕೌಂಟ್ ತನ್ನ ಮುಳುಗಿದ ಗಣಿಗಳನ್ನು 1824ರಲ್ಲಿ ಬ್ರಿಟಿಷ್ ಕಂಪನಿಯೊಂದಕ್ಕೆ ಕೊಟ್ಟ. ಕಾರ್ನ್‌ವಾಲ್‌ನಿಂದ ಗಣಿಗಾರರೂ ಉಗಿಯಂತ್ರಗಳೂ ಆ ಬೆಟ್ಟಗಳನ್ನೇರಿ ಬಂದವು.

ಹಸಿಯೆಂದಾದ ಅಂಗಡಿಯಲ್ಲಿ ಕಡ ಪಡೆದು, ಆ ಕಡ ತೀರುವವರೆಗೆ ಊರು ಬಿಡಲಾಗದೆ ದುಡಿಯುತ್ತಿದ್ದ ಕೂಲಿಯಾಳಿನ ಬಾಳು, ಒಡೆಯ ಮಾರ್ಕ್ವಿಸ್ ಆಗಿದ್ದಾಗಲೂ ಗಣರಾಜ್ಯದ ನಾಗರಿಕನಾದಾಗಲೂ ಒಂದೇ ಬಗೆಯಾಗಿತ್ತು. ದೊಡ್ಡ ಹಿಡುವಳಿಗಳನ್ನು ಒಡೆದು ಹಂಚಲು ಸರ್ಕಾರಕ್ಕೆ ಅಧಿಕಾರ ಕೊಟ್ಟ ಸಂವಿಧಾನದ 27ನೆಯ ವಿಧಿ ಬಂದದ್ದು 1917ರಲ್ಲಿ, ಇನ್ನೊಂದು ಕ್ರಾಂತಿಯ ನಂತರ.

ನಮಸ್ಕಾರ.