ರ‍್ಯಾಪಿನಲ್ಲಿ ಕೇಳಿದ ಳಕಾರ

ಕೇಳುಗರೇ, ನಮಸ್ಕಾರ.

ಇವತ್ತು ಹರಿಯಾಣವಿ ರ‍್ಯಾಪ್ ಹಾಡೊಂದರ ಬಗ್ಗೆ ಮಾತಾಡೋಣ. ಹೆಸರು ‘ಛೋರೆ ಎನ್‌ಸಿಆರ್ ಆಳೆ’. ಹಾಡಿದವರು ಎಂಸಿ ಸ್ಕ್ವೇರ್ ಮತ್ತು ಪ್ಯಾರಡಾಕ್ಸ್. ಎಂಸಿ ಸ್ಕ್ವೇರ್ ಹರಿಯಾಣದ ಫರೀದಾಬಾದ್ ಕಡೆಯವರು. 2022ರಲ್ಲಿ ಎಂಟಿವಿಯ ‘ಹಸಲ್’ ರ‍್ಯಾಪ್ ಸ್ಪರ್ಧೆ ಗೆದ್ದವರು.

ನನಗೆ ಮೊದಲು ಹಿಡಿಸಿದ್ದು ಹಾಡಿನ ಹೆಸರು. ‘ಛೋರೆ’ ಅಂದ್ರೆ ಹುಡುಗರು. ಎನ್‌ಸಿಆರ್ ಅಂದ್ರೆ ದೆಹಲಿ ಮತ್ತು ಅದರ ಸುತ್ತಲಿನ ರಾಜಧಾನಿ ಪ್ರದೇಶ. ಇನ್ನು ‘ಆಳೆ’. ಹಿಂದಿಯಲ್ಲಾದರೆ ‘ವಾಲೇ’. ಹರಿಯಾಣದ ಹಳ್ಳಿಯ ಬಾಯಲ್ಲಿ ವಕಾರ ಬಿದ್ದುಹೋಗುತ್ತೆ, ಲಕಾರ ಳಕಾರ ಆಗುತ್ತೆ. ಹೌದು, ನಮ್ಮದೇ ಳ! ಶಿಷ್ಟ ಹಿಂದಿಯಲ್ಲಿ ಇಲ್ಲದ ಅಕ್ಷರ ಅವರಲ್ಲಿದೆ. ಕಪ್ಪಿಗೆ ‘ಕಾಳಾ’ ಅಂತಾರೆ, ನೀರಿಗೆ ‘ಪಾಣಿ’. ಕನ್ನಡದ ಕಿವಿಗೆ ಎಷ್ಟು ಹತ್ತಿರ, ಅಲ್ವಾ?

ಈ ನುಡಿಗೆ ಹೊರಗಿನವರು ಕೊಟ್ಟ ಹೆಸರು ‘ಲಟ್ಠಮಾರ್’. ಲಟ್ಠ ಅಂದ್ರೆ ದೊಣ್ಣೆ. ದೊಣ್ಣೆಯಲ್ಲಿ ಬಾರಿಸಿದ ಹಾಗೆ ಮಾತಾಡ್ತಾರೆ ಅಂತ. ಹಿಂದಿ ಸಿನಿಮಾದಲ್ಲಿ ಈ ಧಾಟಿ ಬಹಳ ಸಲ ಪೊಲೀಸಿನವನಿಗೋ ಪೈಲ್ವಾನನಿಗೋ ಮೀಸಲು. ಜನಗಣತಿಯಲ್ಲೂ ಹರಿಯಾಣವಿಯನ್ನು ಹಿಂದಿಯ ಲೆಕ್ಕಕ್ಕೇ ಸೇರಿಸುತ್ತಾರೆ. ಪಟ್ಟಣಕ್ಕೆ ಬಂದರೆ ನಾಲಿಗೆ ತಿದ್ದಿಕೋ ಅನ್ನೋ ಮಾತು ಬೇರೆ.

ಈ ಹುಡುಗರು ನಾಲಿಗೆ ತಿದ್ದಿಕೊಳ್ಳಲಿಲ್ಲ. ಎನ್‌ಸಿಆರ್ ಅನ್ನೋ ಸರ್ಕಾರಿ ಕಡತದ ಮೂರಕ್ಷರಕ್ಕೇ ಹಳ್ಳಿಯ ‘ಆಳೆ’ ಸೇರಿಸಿಬಿಟ್ಟರು. ಗುರುಗ್ರಾಮದ ಗಾಜಿನ ಕಟ್ಟಡಗಳು ನಿಂತಿರೋದು ಹಿಂದೆ ಗೋಧಿ, ಸಾಸಿವೆ ಬೆಳೆಯುತ್ತಿದ್ದ ನೆಲದ ಮೇಲೆ. ಆ ನೆಲದ ಮಾತು ಈ ಹೆಸರಿನಲ್ಲಿ ಹಾಗೇ ಉಳಿದಿದೆ. ನನಗೆ ಈ ಹಾಡು ಅದಕ್ಕೇ ಇಷ್ಟ.

ಅಂದ ಹಾಗೆ, ಪ್ರಾಸ ಕಟ್ಟಿ ಸವಾಲು ಹಾಕೋದು ಹರಿಯಾಣಕ್ಕೆ ಹೊಸದಲ್ಲ. ಅಲ್ಲಿ ‘ಸಾಂಗ್’ ಅನ್ನೋ ಬಯಲಾಟ ಇದೆ. ಅದರ ಹಾಡು ‘ರಾಗಿಣಿ’. ಸೋನಿಪತ್ ಕಡೆಯ ಪಂಡಿತ್ ಲಖ್ಮಿ ಚಂದ್ ಕಟ್ಟಿದ ರಾಗಿಣಿಗಳನ್ನು ಅವರು ತೀರಿಕೊಂಡ 1945ರ ನಂತರವೂ ಜನ ಹಾಡುತ್ತಲೇ ಇದ್ದಾರೆ. ಜವಾಬಿ ರಾಗಿಣಿಯಲ್ಲಿ ಒಬ್ಬ ಕೇಳ್ತಾನೆ, ಇನ್ನೊಬ್ಬ ಪದದಲ್ಲೇ ಉತ್ತರ ಕೊಡ್ತಾನೆ. ತಾಳಕ್ಕೆ ಮಣ್ಣಿನ ಮಡಕೆ. ಅದರ ಬಾಯಿಗೆ ರಬ್ಬರ್ ಬಿಗಿದು ಬಡಿದರೆ ‘ಧಮ್’ ಅಂತ ತಗ್ಗಿನ ದನಿ ಏಳುತ್ತೆ, ಎದೆಗೇ ತಾಗುತ್ತೆ. ಅದನ್ನು ಕೇಳಿ ಬೆಳೆದವರಿಗೆ ರ‍್ಯಾಪಿನ ಬೀಟು ಪರಕೀಯ ಅನಿಸೋದು ಹೇಗೆ?

ಒಮ್ಮೆ ಹಾಡು ಹಾಕಿಕೊಂಡು ಕೇಳಿ. ಎಲ್ಲ ಪದ ತಿಳಿಯದಿದ್ದರೂ ಪರವಾಗಿಲ್ಲ. ‘ಆಳೆ’ ಬಂದಾಗ ಮಾತ್ರ ಕಿವಿಗೊಡಿ. ನಮಸ್ಕಾರ.